ಹನ್ನೆರಡನೆಯ ಮೊಳೆ

ಬಾಲಪ್ಪನ ಚಕ್ರದ ಬಗ್ಗೆ ಬಂದರಿನ ಮೇಲಿನ ಸಡಾ ಗುಡ್ಡದಲ್ಲಿ ಯಾರೂ ಒಂದು ಕೆಟ್ಟ ಮಾತು ಆಡಿದ್ದಿಲ್ಲ. ಗಂಡ ಹೆಂಡಿರ ಜಗಳದಲ್ಲೂ ಅದರ ಹೆಸರು ಬರುತ್ತಿತ್ತು. "ಬಾಲಪ್ಪನ ಚಕ್ರದ್ಹಂಗ ಇರಬೇಕ ನೋಡು, ಯಾರಿಗೂ ಹೆಚ್ಚಿಲ್ಲ, ಯಾರಿಗೂ ಕಡಿಮಿಲ್ಲ" ಎಂದು ಹೆಂಗಸರು ಗಂಡಂದಿರ ಮುಖಕ್ಕೆ ಹೊಡೆದಂತೆ ಹೇಳುವರು. ಇಂಥ ಮಾತು ಕೇಳುತ್ತ ಬೆಳೆದ ಮಗಳು ಜಯಶ್ರೀಗೆ ಅಪ್ಪನ ಮೇಲೆ ಒಂದು ತೂಕ ಹೆಚ್ಚೇ ಹೆಮ್ಮೆ. ಬಿ.ಎಸ್ಸಿ. ಕೊನೆಯ ವರ್ಷದಲ್ಲಿ ಗಣಿತದ ಸರ್ "ನಿಮ್ಮ ಸುತ್ತಮುತ್ತ ಕಂಡ ಒಂದು ಉದಾಹರಣೆ ಬರೆದು ತನ್ನಿ" ಎಂದಾಗ ಉಳಿದವರೆಲ್ಲ ಮೊಬೈಲು ತಡಕಾಡಿದರು. ಆಕೆಗೆ ತಡಕಾಡುವ ಅಗತ್ಯವೇ ಬೀಳಲಿಲ್ಲ.

ಸರ್ ಕಲಿಸುತ್ತಿದ್ದ ಪಾಠ ಸರಳವಾಗಿಯೇ ಇತ್ತು. ಒಂದು ವಸ್ತು ಇವತ್ತು ಎಲ್ಲಿದೆ ಎಂದು ಗೊತ್ತಿರಬೇಕು, ನಾಳೆ ಎಲ್ಲಿಗೆ ಹೋಗಬೇಕೆಂಬುದಕ್ಕೆ ಒಂದು ನಿಯಮ ಇರಬೇಕು. ಅದೇ ನಿಯಮವನ್ನು ಮತ್ತೆ ಮತ್ತೆ ಹಚ್ಚುತ್ತ ಹೋದರೆ ವಸ್ತು ಹಿಡಿಯುವ ದಾರಿಗೆ ಕಕ್ಷೆ ಎಂದು ಹೆಸರು. "ನಿಯಮ ಒಂದೇ ಸಾಲಿನದಿರಬಹುದು. ಆದರೆ ಅದು ಎಲ್ಲಿಗೆ ಒಯ್ದು ಮುಟ್ಟಿಸುತ್ತದೆ ಎಂದು ನಿಯಮ ಮಾಡಿದವನಿಗೂ ಗೊತ್ತಿರುವುದಿಲ್ಲ" ಎಂದಿದ್ದರು ಸರ್. ಜಯಶ್ರೀ ಅದನ್ನು ನೋಟ್‌ಬುಕ್ಕಿನಲ್ಲಿ ಅಡಿಗೆರೆ ಹಾಕಿ ಬರೆದುಕೊಂಡಿದ್ದಳು, ಪರೀಕ್ಷೆಗೆ ಬಂದೀತೆಂದು.

ಚಕ್ರದ ಕಥೆ ಹನ್ನೊಂದು ವರ್ಷದ್ದು. ಬಂದರಿಗೆ ಕಲ್ಲಿದ್ದಲಿನ ಹಡಗು ಬಂದರೆ ಕ್ರೇನು ಎತ್ತುವಷ್ಟು ಎತ್ತುತ್ತದೆ. ಮೂಲೆಮೂಲೆಯಲ್ಲಿ ಉಳಿದದ್ದನ್ನು ಮನುಷ್ಯರೇ ಹಡಗಿನ ಹೊಟ್ಟೆಗೆ ಇಳಿದು ಗುಡಿಸಿ ಗುಡ್ಡೆ ಹಾಕಬೇಕು. ಅಲ್ಲಿ ಒಂದು ದಿನ ಗುಡಿಸಿದವನು ಮೂರು ದಿನ ಕರಿ ಉಗುಳುತ್ತಾನೆ. ಉಳಿದ ಕೆಲಸಗಳಲ್ಲಿ ಕೆಲವಕ್ಕೆ ಬಿಸಿಲಿದೆ, ಗೇಟಿನ ಬದಿಯ ತಾಡಪತ್ರಿ ಮಡಚುವಂಥವಕ್ಕೆ ನೆರಳಿದೆ, ಆದರೆ ಉಸಿರಿಗೆ ಮೋಸವಿಲ್ಲ. ಹೊಟ್ಟೆಗೆ ಯಾರು ಇಳಿಯಬೇಕು ಎಂಬುದಕ್ಕೆ ದಿನಾ ಬೆಳಿಗ್ಗೆ ಹೊಡೆದಾಟ. ಒಬ್ಬನ ತಲೆ ಒಡೆದ ಮೇಲೆ ಕಾಂಟ್ರಾಕ್ಟರನು, ನನಗೆ ಹನ್ನೊಂದು ಕೆಲಸಕ್ಕೆ ಹನ್ನೊಂದು ಗ್ಯಾಂಗು ಬಂದರೆ ಸಾಕು, ನಿಮ್ಮ ಜಗಳ ನೀವೇ ಬಗೆಹರಿಸಿಕೊಳ್ಳಿ ಎಂದು ಕೈ ತೊಳೆದುಕೊಂಡ. ಮಂದಿ ಬಾಲಪ್ಪನನ್ನು ಎಲ್ಲ ಗ್ಯಾಂಗುಗಳಿಗೆ ಕೆಲಸ ಹಂಚುವ ಮುಕಾದಮನನ್ನಾಗಿ ಮಾಡಿದರು, ಯಾಕೆಂದರೆ ಆತ ಊಟದ ಡಬ್ಬಿ ಹಂಚಿದರೂ ಮೆಣಸಿನಕಾಯಿ ಎಣಿಸಿ ಹಂಚುವ ಮನುಷ್ಯ.

ಬಾಲಪ್ಪ ಕೇಬಲ್ಲು ಸುತ್ತಿ ಬರುವ ಕಟ್ಟಿಗೆಯ ದೊಡ್ಡ ಗಾಲಿಯೊಂದನ್ನು ತಂದು ಚಹಾದ ಗಾಡಿಯ ಪಕ್ಕದ ಗೋಡೆಗೆ ಜಡಿದ. ಅಂಚಿನ ಸುತ್ತ ಹನ್ನೊಂದು ಮೊಳೆ; ಒಂದೊಂದು ಮೊಳೆಗೆ ಒಂದೊಂದು ಕೆಲಸ. ಹಡಗಿನ ಎರಡು ಹೊಟ್ಟೆಗಳನ್ನು ಮಾತ್ರ ಬೇಕೆಂತಲೇ ದೂರ ಇಟ್ಟ, ಒಂದು ಮೇಲ್ತುದಿಗೆ, ಇನ್ನೊಂದು ಕೆಳತುದಿಗೆ. ಎಣ್ಣೆ ಡಬ್ಬಿಯ ತಗಡು ಕತ್ತರಿಸಿ ಗ್ಯಾಂಗಿಗೊಂದು ಬಿಲ್ಲೆ ಮಾಡಿದ. ಒಂದೊಂದೇ ಮೊಳೆ ಸರಿಸಿದರೆ ಒಬ್ಬರಿಗೆ ಸಾಲಾಗಿ ನಾಲ್ಕು ದಿನ ನೆರಳು, ಇನ್ನೊಬ್ಬರಿಗೆ ನಾಲ್ಕು ದಿನ ಬಿಸಿಲು ಎಂದು ಮಂದಿ ಗೊಣಗಿದ್ದಕ್ಕೆ, ಹಡಗು ಬಂದ ದಿನವೆಲ್ಲ ಬೆಳಿಗ್ಗೆ ಪ್ರತಿ ಬಿಲ್ಲೆಯನ್ನೂ ಮೂರು ಮೊಳೆ ಮುಂದಕ್ಕೆ ಸರಿಸುವುದೆಂದು ಕಟ್ಟು ಮಾಡಿದ. ಬಿಲ್ಲೆ ಮುಟ್ಟುವ ಅಧಿಕಾರ ಆತನ ಕೈಗೆ ಮಾತ್ರ. ಯಾರಾದರೂ ಗೊಣಗಿದರೆ "ಪಾಲಿಗೆ ಬಂದದ್ದು ಪಂಚಾಮೃತ" ಎನ್ನುವನು. ಗೊಣಗುವವರು ಸುಮ್ಮನಾಗುವರು, ಯಾಕೆಂದರೆ ಆಗ ಎಲ್ಲರ ಪಾಲಿಗೂ ಎಲ್ಲವೂ ಬರುತ್ತಿತ್ತು.

ನಾಲ್ಕು ವರ್ಷದ ಹಿಂದೆ ಬಾಲಪ್ಪನ ಹೆಂಡತಿ ಲಕ್ಷ್ಮವ್ವನ ತಮ್ಮ ಪರಶು ಊರಿನಿಂದ ಆರು ಮಂದಿಯನ್ನು ಕಟ್ಟಿಕೊಂಡು ಬಂದ. ಕಾಂಟ್ರಾಕ್ಟರನೂ ಆಗ ಒಂದು ಕೆಲಸ ಹೆಚ್ಚಿಸಿದ್ದ. ಎಲ್ಲರೂ ಒಪ್ಪಿದ ಮೇಲೆ ಬಾಲಪ್ಪ ಹಳೆಯ ಮೊಳೆಗಳನ್ನೆಲ್ಲ ಕಿತ್ತು, ಸಮ ಅಂತರದಲ್ಲಿ ಹನ್ನೆರಡು ಜಡಿದ. ಗೋಡೆಯ ಮೇಲೆ ದೊಡ್ಡದೊಂದು ಗಡಿಯಾರ ತೂಗುಬಿಟ್ಟಂತೆ ಕಂಡಿತು. "ಈಗ ನೋಡ್ರಿ, ಎಷ್ಟ ಚಂದ ಆತು" ಎಂದು ಹೀರಪ್ಪನೇ ಹೇಳಿದ್ದ. ಪಾಪ, ಹೀರಪ್ಪ.

ಹೀರಪ್ಪ ಬಾಲಪ್ಪನ ವಾರಿಗೆಯವನು, ಎತ್ತಿನ ಚಿತ್ರದ ಬಿಲ್ಲೆಯ ಗ್ಯಾಂಗಿಗೆ ಹಿರಿಯ. ಆಮೇಲೆ ಅವನ ಗ್ಯಾಂಗಿಗೂ ಇನ್ನೂ ಮೂರು ಗ್ಯಾಂಗಿಗೂ ಹೊಟ್ಟೆಯೇ ಗತಿಯಾಯಿತು. ಹಡಗು ಬಂತೆಂದರೆ ಒಂದು ದಿನ ಬಿಟ್ಟು ಒಂದು ದಿನ ಇಳಿಯುವುದು. ಅವರಿಗೆ ಅದು ತಿಳಿಯಲಿಲ್ಲವೇ? ತಿಳಿಯಿತು. ಆದರೆ ಚಕ್ರದ ಮೇಲೆ ಅನುಮಾನ ಪಡುವುದೆಂದರೆ ಬಾಲಪ್ಪನ ಮೇಲೆ ಪಟ್ಟಂತೆ, ಅಷ್ಟು ಕೀಳುಮಟ್ಟಕ್ಕೆ ಅವರು ಇಳಿಯಲಾರರು. ಹಣೆಬರಹ ಎಂದುಕೊಂಡರು. ಹೀರಪ್ಪನ ಹೆಂಡತಿ ಫಕೀರವ್ವ ಬಿಲ್ಲೆಗೆ ಕುಂಕುಮ ಹಚ್ಚಿದಳು, ನಿಂಬೆಹಣ್ಣು ಇಳಿಸಿದಳು, ಐದು ಸೋಮವಾರ ಉಪವಾಸ ಬಿದ್ದಳು. ಉಳಿದ ಎಂಟು ಗ್ಯಾಂಗಿನವರಿಗೆ ನಾಲ್ಕು ವರ್ಷದಲ್ಲಿ ಒಮ್ಮೆಯೂ ಹೊಟ್ಟೆಯ ಪಾಳಿ ಬರಲಿಲ್ಲ. ಅವರು ಅದನ್ನು ಎಣಿಸಲೂ ಇಲ್ಲ. ಸುಖದಲ್ಲಿದ್ದವನಿಗೆ ಎಣಿಕೆ ಯಾಕೆ ಬೇಕು?

ಜಯಶ್ರೀ ಭಾನುವಾರದ ಮುಂಜಾನೆ ಬಾಗಿಲಲ್ಲಿ ಕೂತು ವೃತ್ತ ಬರೆದಳು, ಹನ್ನೆರಡು ಚುಕ್ಕೆ ಇಟ್ಟಳು. ಮೇಲ್ತುದಿಯಿಂದ ಹೊರಟು ಮೂರು ಮೂರು ಎಣಿಸಿ ಬಾಣ ಎಳೆದಳು. ನಾಲ್ಕನೆಯ ಬಾಣ ಹೊರಟಲ್ಲಿಗೇ ಬಂದು ನಿಂತಿತು. ಕೈತಪ್ಪಿರಬೇಕೆಂದು ಅಳಿಸಿ ಮತ್ತೆ ಎಳೆದಳು. ಆಗಲೂ ಅಷ್ಟೆ. ತಲೆ ಎತ್ತಿದರೆ ಎದುರು ಗೋಡೆಯಲ್ಲಿ ಅಗ್ಗದ ಗಡಿಯಾರ. ಅದರಲ್ಲಿ ಬರೆದಿದ್ದ ಅಂಕಿಗಳೂ ನಾಲ್ಕೇ: ಹನ್ನೆರಡು, ಮೂರು, ಆರು, ಒಂಬತ್ತು. ಹನ್ನೆರಡಕ್ಕೆ ಒಂದು ಹೊಟ್ಟೆ, ಆರಕ್ಕೆ ಇನ್ನೊಂದು.

ಹನ್ನೊಂದನ್ನು ಮೂರು ಭಾಗಿಸುವುದಿಲ್ಲ, ಹಾಗಾಗಿ ಆಗ ಬಿಲ್ಲೆ ಎಲ್ಲ ಮೊಳೆಗಳನ್ನೂ ಸುತ್ತಿ ಬರುತ್ತಿತ್ತು. ಹನ್ನೆರಡನ್ನು ಭಾಗಿಸುತ್ತದೆ, ಹಾಗಾಗಿ ಒಂದು ಚಕ್ರ ಮೂರು ಪುಟ್ಟ ಚಕ್ರಗಳಾಗಿ ಒಡೆದಿತ್ತು; ಒಂದರಲ್ಲಿದ್ದವನು ಸತ್ತರೂ ಇನ್ನೊಂದಕ್ಕೆ ದಾಟಲಾರ. ಇದಕ್ಕೆ ಬಿ.ಎಸ್ಸಿ. ಯಾಕೆ? ಏಳನೆಯ ಇಯತ್ತೆಯಲ್ಲಿ ಕಲಿತ ಲೆಕ್ಕ. ಆ ಚಕ್ರದ ಮುಂದೆಯೇ ನಾಲ್ಕು ವರ್ಷ ದಿನಾ ಹಾದು ಬಸ್ಸು ಹತ್ತಿದ್ದಾಳೆ, ಮಗ್ಗಿ ಬಾಯಲ್ಲಿತ್ತು, ಕಣ್ಣು ಮಾತ್ರ ಅಪ್ಪನ ಹೆಮ್ಮೆಯಲ್ಲಿ ಮುಚ್ಚಿತ್ತು. ತನ್ನ ಮೇಲೇ ಆಕೆಗೆ ಅಸಹ್ಯ ಹುಟ್ಟಿತು.

ಬಾಲಪ್ಪ ನಾಷ್ಟಾಕ್ಕೆ ಕೂತಾಗ ಆಕೆ ಗಡಿಯಾರ ಇಳಿಸಿ ನೆಲಕ್ಕಿಟ್ಟಳು. ಹನ್ನೆರಡರ ಮೇಲೆ ಒಂದು ಶೇಂಗಾ ಕಾಳು ಇಟ್ಟು, "ಅಪ್ಪಾ, ಇದು ಹೀರಪ್ಪಕಾಕಾನ ಬಿಲ್ಲೆ. ನೀನ ಸರಿಸು" ಎಂದಳು.

ಬಾಲಪ್ಪ ನಗುತ್ತ ಸರಿಸಿದ. ಮೂರು, ಆರು, ಒಂಬತ್ತು, ಹನ್ನೆರಡು. ಇನ್ನೊಮ್ಮೆ ಸರಿಸಿದ. ಮೂರನೆಯ ಸುತ್ತಿಗೆ ನಗು ಹೋಯಿತು. ಕಾಳನ್ನು ಒಂದರ ಮೇಲಿಟ್ಟು ನೋಡಿದ. ಒಂದು, ನಾಲ್ಕು, ಏಳು, ಹತ್ತು. ಹೊಟ್ಟೆಯ ಹತ್ತಿರಕ್ಕೂ ಹೋಗಲಿಲ್ಲ.

"ಇದು ಯಾರ ದಾರಿ?" ಎಂದ.

"ಪರಶುಮಾಮಾಂದು."

ಬಾಲಪ್ಪ ತಟ್ಟೆ ದೂರ ಸರಿಸಿದ. "ಹೀರಪ್ಪ ಹ್ವಾದ ವಾರ ಅಂದಾ, ಮೆಟ್ಟಲಾ ಹತ್ತಾಕ ಆಗವಲ್ದು ಅಂತ. ನಾನು ಏನಂದ್ನಿ ಗೊತ್ತೇನು? ಪಾಲಿಗೆ ಬಂದದ್ದು ಪಂಚಾಮೃತ ಅಂದ್ನಿ" ಎಂದ. "ಇದಕ್ಕ ಏನರ ಹಾದಿ ಐತೇನು ಯವ್ವಾ?"

"ಐತಿ. ಮೂರರ ಬದಲಿ ಐದು ಎಣಿಸು, ಅಷ್ಟ ಸಾಕು. ಎಲ್ಲಾರೂ ಎಲ್ಲಾ ಮೊಳಿಗೂ ಹೋಗತಾರ. ಆರು ದಿನಕ್ಕೊಮ್ಮೆ ಹೊಟ್ಟಿ ಬರತೈತಿ, ಯಾರಿಗಾದ್ರೂ."

ಬಾಲಪ್ಪ ತಾನೇ ಐದೈದು ಎಣಿಸಿ ಹನ್ನೆರಡು ಸಲ ಕಾಳು ಸರಿಸಿ ನೋಡಿದ. ಎದ್ದು ಅಂಗಿ ಹಾಕಿಕೊಂಡ. "ನಾ ಮಾಡಿದ ತಪ್ಪು, ನಾನ ಹೇಳತೇನಿ. ಎಲ್ಲಾರನೂ ಕರಿ" ಎಂದ. ಇಂಥ ಅಪ್ಪ ಯಾರಿಗಿದ್ದಾನೆ ಎಂದು ಜಯಶ್ರೀಯ ಎದೆ ಉಬ್ಬಿತು. ಆ ಉಬ್ಬು ಮಧ್ಯಾಹ್ನದವರೆಗೆ ಬಾಳಿತು.

ಚಕ್ರದ ಕೆಳಗೆ ಹನ್ನೆರಡು ಗ್ಯಾಂಗಿನ ಹಿರಿಯರು ಸೇರಿದರು. ಬಾಲಪ್ಪ ಮುಚ್ಚುಮರೆಯಿಲ್ಲದೆ ಹೇಳಿದ, ಬಿಲ್ಲೆ ಸರಿಸಿ ತೋರಿಸಿದ, ಕೈ ಮುಗಿದ. ಹೀರಪ್ಪ ಕಟ್ಟೆಯ ಮೇಲೆ ಕೂತು ಚಕ್ರವನ್ನೇ ನೋಡುತ್ತಿದ್ದ. ಕೆಮ್ಮು ನಿಂತ ಮೇಲೆ ಒಂದೇ ಮಾತು ಕೇಳಿದ. "ಎರಡು ಮೊಳಿ ಹೆಚ್ಚಿಗಿ ಎಣಿಸಿದ್ರ ಸಾಕಿತ್ತೇನು?"

ಪರಶು ಗಂಟಲು ಸರಿಮಾಡಿಕೊಂಡ. "ಮಾವಾ, ಚಕ್ರ ನಿಮ್ಮದು, ಮೂರರ ಲೆಕ್ಕ ನಿಮ್ಮದು. ನಾಲ್ಕು ವರ್ಷ ನಡದ ಪದ್ಧತಿ. ಹುಡುಗಿ ಕಾಲೇಜಿನ್ಯಾಗ ಏನೋ ಕಲ್ತು ಬಂದ್ಲಂತ ನ್ಯಾಯ ಬದಲಿ ಆಗತೈತೇನು?"

"ಮಾಮಾ, ಅಪ್ಪ ಬೇಕಂತ ಮಾಡಿಲ್ಲ" ಎಂದಳು ಜಯಶ್ರೀ. "ತಪ್ಪು ಲೆಕ್ಕದ್ದು, ಅಪ್ಪಂದಲ್ಲ."

"ಅಪ್ಪಂದು ತಪ್ಪಿಲ್ಲಂದ್ರ ಮತ್ತ ಬದಲಿ ಮಾಡೋದ್ಯಾಕ?" ಎಂದ ಪರಶು. ನಾಲ್ಕಾರು ಮಂದಿ ನಕ್ಕರು.

ಆಮೇಲೆ ಒಬ್ಬೊಬ್ಬರ ಬಾಯಿ ಬಿಚ್ಚಿತು. ಒಬ್ಬನಿಗೆ ತನ್ನ ಗ್ಯಾಂಗಿನಲ್ಲಿ ಎಳೇ ಮಕ್ಕಳ ತಂದೆಯರಿದ್ದಾರೆ ಎಂದು ನೆನಪಾಯಿತು. ಇನ್ನೊಬ್ಬನಿಗೆ ಹೊಟ್ಟೆಯ ಕೆಲಸ ರೂಢಿಯಿದ್ದವರೇ ಚೆನ್ನಾಗಿ ಮಾಡುತ್ತಾರೆ, ಹೊಸಬರು ಇಳಿದರೆ ಅಪಾಯ ಎಂಬ ಕಾಳಜಿ ಹುಟ್ಟಿತು. ಮತ್ತೊಬ್ಬ ಎದೆಯ ಮೇಲೆ ಕೈಯಿಟ್ಟು, "ಬಾಲಪ್ಪಣ್ಣಾ, ನಿಮ್ಮ ಚಕ್ರದ ಮ್ಯಾಲ ನಮಗ ಪೂರಾ ನಂಬಿಕಿ ಐತ್ರಿ. ಅದನ್ನ ಮುಟ್ಟಬ್ಯಾಡ್ರಿ" ಎಂದ. ಅಷ್ಟು ನಾಚಿಕೆಗೆಟ್ಟ ನಂಬಿಕೆಯನ್ನು ಜಯಶ್ರೀ ಹುಟ್ಟಿದಾಗಿನಿಂದ ಕಂಡಿರಲಿಲ್ಲ. ಕೈ ಎತ್ತಿಸಿದರು. ಮೂರಕ್ಕೆ ಎಂಟು, ಐದಕ್ಕೆ ನಾಲ್ಕು. ಮೂರೂ ಪುಟ್ಟ ಚಕ್ರಗಳು ತಮ್ಮ ತಮ್ಮ ಲೆಕ್ಕ ತಪ್ಪದೆ ಕೈ ಎತ್ತಿದ್ದವು.

"ಬಿಲ್ಲೆ ಮುಟ್ಟೋ ಕೈ ನಂದು" ಎಂದಷ್ಟೇ ಹೇಳಿ ಬಾಲಪ್ಪ ಎದ್ದುಬಿಟ್ಟ. ಆ ಮಾತಿನ ಮೇಲೆ ಜಯಶ್ರೀ ಎರಡು ದಿನ ಬದುಕಿದಳು.

ಸೋಮವಾರ ಕಾಲೇಜಿನಲ್ಲಿ ಸರ್ ಆಕೆ ಬರೆದು ಒಯ್ದಿದ್ದ ಹಾಳೆಗಳನ್ನು ಅಲ್ಲೇ ನೋಡಿ ವಾಪಸು ಕೊಟ್ಟರು. ಇಪ್ಪತ್ತಕ್ಕೆ ಇಪ್ಪತ್ತು. ಐದರ ಪರಿಹಾರ ಬರೆದಿದ್ದ ಕೊನೆಯ ಸಾಲಿನ ಪಕ್ಕದಲ್ಲಿ ಕೆಂಪು ಶಾಯಿಯಲ್ಲಿ "ತುಂಬಾ ಸುಂದರ. ಸಮಸ್ಯೆ ಬಗೆಹರಿಯಿತು" ಎಂದಿತ್ತು. ಆಕೆ ಹಾಳೆಗಳನ್ನು ಮಡಚಿ ಚೀಲದ ತಳಕ್ಕೆ ತುರುಕಿದಳು.

ಸಂಜೆ ಮನೆಯಲ್ಲಿ ಲಕ್ಷ್ಮವ್ವ ರೊಟ್ಟಿ ತಟ್ಟುತ್ತಲೇ ಶುರು ಮಾಡಿದಳು. "ಎಂಟು ಗ್ಯಾಂಗಿನವ್ರನ್ನ ಎದುರು ಹಾಕ್ಕೊಂಡು ಈ ಗುಡ್ಡದ ಮ್ಯಾಲ ಹೆಂಗ ಬಾಳೋದು? ನನ್ನ ತಮ್ಮನ್ನ ಕಲ್ಲಿದ್ದಲದಾಗ ಇಳಸ್ತೀರೇನು? ನಾಳಿಂದ ನಿಮ್ಮನ್ನ ಮುಕಾದಮ ಅಂತ ಯಾರು ಅಂತಾರು?" ಮಂಗಳವಾರ ಹಡಗು ಬರುವುದಿತ್ತು.

"ನಾಳಿಗೆ ಎಷ್ಟು ಎಣಿಸ್ತಿ ಅಪ್ಪಾ?" ಎಂದು ಜಯಶ್ರೀ ಕೇಳಿದಳು.

"ಉಣ್ಣು" ಎಂದ ಬಾಲಪ್ಪ.

ಮಂಗಳವಾರ ಬೆಳಿಗ್ಗೆ ಏಳಕ್ಕೆ ಆಕೆ ಬಸ್ಸು ಬಿಟ್ಟು ಚಕ್ರದ ಮುಂದೆ ನಿಂತಳು. ಎಲ್ಲರೂ ಬಂದಿದ್ದರು. ಯಾರೂ ಚಹಾ ಕುಡಿಯುತ್ತಿರಲಿಲ್ಲ. ಫಕೀರವ್ವ ಗಂಡನ ಹಿಂದೆ ಸೆರಗು ಕಚ್ಚಿಕೊಂಡು ನಿಂತಿದ್ದಳು. ಎತ್ತಿನ ಬಿಲ್ಲೆ ಒಂಬತ್ತರ ಮೊಳೆಯಲ್ಲಿತ್ತು. ಮೂರು ಎಣಿಸಿದರೆ ಮೇಲ್ತುದಿಯ ಹೊಟ್ಟೆ. ಐದು ಎಣಿಸಿದರೆ ಎರಡನೆಯ ಮೊಳೆ, ಗೋಣಿ ಹೊಲಿಯುವ ಕೆಲಸ, ಮೇಲೆ ತಗಡಿನ ನೆರಳು.

ಬಾಲಪ್ಪ ಎತ್ತಿನ ಬಿಲ್ಲೆಯನ್ನೇ ಮೊದಲು ತೆಗೆದ. ದಿನದಂತೆ ಬಾಯಿಬಿಟ್ಟು ಎಣಿಸಿದ. "ಒಂದು." ಪರಶು ಅಕ್ಕನ ಗಂಡನ ಮುಖವನ್ನೇ ನೋಡುತ್ತಿದ್ದ. "ಎರಡು." "ಮೂರು."

ಕೈ ಮೇಲ್ತುದಿಯ ಮೊಳೆಯ ಹತ್ತಿರ ನಿಂತಿತು. ಅಲ್ಲಿ ಅದು ಸಾಕಷ್ಟು ಹೊತ್ತು ನಿಂತಿತು. ಜಯಶ್ರೀಗೆ ತಡೆಯಲಾಗದೆ "ನಾಲ್ಕು" ಎಂದುಬಿಟ್ಟಳು. ಎಲ್ಲರಿಗೂ ಕೇಳುವಷ್ಟು ಜೋರಾಗಿಯೇ ಅಂದಳು. ಬಾಲಪ್ಪ ಮಗಳ ಕಡೆ ತಿರುಗಲಿಲ್ಲ. ಬಿಲ್ಲೆಯನ್ನು ಆ ಮೊಳೆಗೇ ಸಿಕ್ಕಿಸಿ, ಮುಂದಿನ ಬಿಲ್ಲೆಗೆ ಕೈ ಹಾಕಿದ.

ಎಂಟು ಗ್ಯಾಂಗಿನವರು ಚಹಾ ಹೇಳಿದರು. ಹೀರಪ್ಪ ಹೆಗಲ ಮೇಲಿನ ಪಂಚೆಯನ್ನು ಮೂಗು ಬಾಯಿಗೆ ಸುತ್ತಿಕೊಳ್ಳುತ್ತ ಹತ್ತಿರ ಬಂದ. ಅವನ ಮುಖದಲ್ಲಿ ಸಿಟ್ಟಿರಲಿಲ್ಲ, ಇದ್ದಿದ್ದರೆ ಜಯಶ್ರೀಗೆ ಒಂದಿಷ್ಟು ಸಮಾಧಾನವಾಗುತ್ತಿತ್ತು.

"ಮೊನ್ನಿತನಕ ಹಣೇಬರಹ ಅಂತಿದ್ನಿ ಬಾಲಪ್ಪಾ" ಎಂದ. "ಇವತ್ತಿಂದು ನೀ ಬರದದ್ದು."

ಹಾಗೆಂದು ಸಲಿಕೆ ಎತ್ತಿಕೊಂಡು ಬಂದರಿನ ಇಳಿಜಾರು ಹಿಡಿದ. ಬಾಲಪ್ಪ ಎಣಿಸುತ್ತಲೇ ಇದ್ದ, ಒಂದು, ಎರಡು, ಮೂರು.