ಹದಿನಾಲ್ಕು ಸಾಲು

"ಎಲ್ಲರ ಪಾರ್ಟೂ ಕೂತ್ಕೊಂಡ್ವು ಆಂಟಿ, ಇದೊಂದು ಜಾಗ ಮಾತ್ರ ಖಾಲಿ," ಎಂದು ಶೈಲಾ ಲ್ಯಾಪ್‌ಟಾಪನ್ನು ಗುರವ್ವನ ಕಡೆ ತಿರುಗಿಸಿದಳು.

ಹೆಗ್ಗನಹಳ್ಳಿಯಿಂದ ಎರಡು ಬಸ್ಸು ಬದಲಿಸಿ, ಬಸವೇಶ್ವರನಗರದ ಈ ಕ್ಲಿನಿಕ್ಕಿನ ಮೇಲಿನ ಬಾಡಿಗೆ ಪೋರ್ಷನ್ನಿಗೆ ಮೆಟ್ಟಿಲು ಹತ್ತಿ ಬಂದ ಗುರವ್ವನಿಗೆ ಇನ್ನೂ ಉಸಿರು ಕೂಡಿರಲಿಲ್ಲ. ಅವಳಿಗೆ ಓದುವುದೇನಿತ್ತು? ಖಾಲಿ ಜಾಗ ಯಾವುದೆಂದು ಅವಳಿಗೆ ಬರುವಾಗಲೇ ಗೊತ್ತಿತ್ತು. ಎದುರಿನ ಮಂಚದ ಮೇಲೆ ಕೊರಳಿಗೆ ಟವೆಲ್ ಸುತ್ತಿಕೊಂಡು ದ್ಯಾಮಪ್ಪನವರು ಕೂತಿದ್ದರು. ಹನ್ನೊಂದು ನಾಟಕ, ಮೂರು ಕವನ ಸಂಕಲನದ ಕವಿ. ನಾಳೆ ಬೆಳಿಗ್ಗೆ ದೊಡ್ಡಾಸ್ಪತ್ರೆಯ ಡಾಕ್ಟರು ಅವರ ಗಂಟಲು ಕೊಯ್ದು ಧ್ವನಿಪೆಟ್ಟಿಗೆ ತೆಗೆಯುವವರಿದ್ದರು.

"ಆಮೇಲೆ ಬರದು ಕೊಡ್ರೀ ಕವಿಗಳೆ, ಕೈ ಇರ್ತಾವಲ್ಲ," ಎಂದಳು ಗುರವ್ವ.

ದ್ಯಾಮಪ್ಪನವರು ನಕ್ಕರು. ನಗು ಕೆಮ್ಮಾಯಿತು. ಅವರು ಓದಿದ್ದು ಮೂರನೇ ಇಯತ್ತೆ. ಬರೆದದ್ದೆಲ್ಲ ಓಡಾಡುತ್ತ ಬಾಯಲ್ಲಿ ಹೇಳಿದ್ದು, ಬೇರೆ ಯಾರೋ ಬರೆದುಕೊಂಡದ್ದು. ಪೆನ್ನು ಹಿಡಿಸಿದರೆ ಆ ಕೈ ಪೂಜೆಗೆ ಕೂತ ಹಾಗೆ ಸುಮ್ಮನೆ ಕೂತುಬಿಡುತ್ತಿತ್ತು. ಬಾಯಿ ಬಿಟ್ಟರಷ್ಟೇ ಅವರಿಗೆ ನೆನಪು.

"ಸಾಕ್ಷಿ ಹೇಳಿದ ಸೊಸೆ" ಅವರು ನಲವತ್ತು ವರ್ಷದ ಹಿಂದೆ ಕಂಪನಿಗೆ ಕೊಟ್ಟ ನಾಟಕ. ಇನ್ನೊಂದು ಕಂಪನಿಯವರು ಕದ್ದುಬಿಟ್ಟಾರೆಂಬ ಹೆದರಿಕೆಗೆ ಆಗ ಇಡೀ ನಾಟಕವನ್ನು ಯಾರ ಕೈಗೂ ಕೊಡುತ್ತಿರಲಿಲ್ಲ. ಒಬ್ಬೊಬ್ಬ ನಟನಿಗೆ ಅವನವನ ಮಾತಷ್ಟೇ ಬರೆದ ಪಾರ್ಟು. ಜೊತೆಗೆ, ಎಲ್ಲಿ ಬಾಯಿ ಹಾಕಬೇಕೆಂದು ಗೊತ್ತಾಗಲಿ ಅಂತ ಎದುರಿನವರ ಮಾತಿನ ಕಡೆಯ ಎರಡು ಪದ. ದ್ಯಾಮಪ್ಪನವರು ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ, ಪಾರ್ಟು ಹಂಚಿದ ದಿನವೇ ಮೂಲಪ್ರತಿಯನ್ನು ಒಲೆಗೆ ಹಾಕಿದ್ದರು. "ಇಡೀ ನಾಟಕ ನನ್ನ ತಲ್ಯಾಗ ಐತಿ, ಯಾವನು ಕದೀತಾನ ಕದೀಲಿ," ಎಂದು ಎದೆ ತಟ್ಟಿಕೊಂಡಿದ್ದರು.

ಈಗ ಪ್ರಕಾಶಕರೊಬ್ಬರು ಪುಸ್ತಕ ಮಾಡುತ್ತೇವೆಂದು ಮುಂದೆ ಬಂದಿದ್ದರು. ಕವಿಗಳ ಮಗಳು ಶೈಲಾ ಎರಡು ತಿಂಗಳು ಸ್ಕೂಟರಿನಲ್ಲಿ ಅಲೆದು ಹಳೇ ನಟರ ಪಾರ್ಟುಗಳನ್ನೆಲ್ಲ ಒಟ್ಟುಮಾಡಿದ್ದಳು. ಮಾವನ ಪಾತ್ರದ ಭರಮಪ್ಪನ ಪಾರ್ಟು ಮಾತ್ರ ಅವನ ಜೊತೆಗೇ ಮಣ್ಣು ಸೇರಿತ್ತು. ಅದನ್ನು ದ್ಯಾಮಪ್ಪನವರೇ ಒಡೆದ ದನಿಯಲ್ಲಿ ದಿನಕ್ಕಿಷ್ಟು ಹೇಳಿ ತುಂಬಿಸಿದ್ದರು. ಉಳಿದದ್ದು ಒಂದೇ ಮಾತು. ಕೊಲೆ ಮಾಡಿದ ಗಂಡನ ವಿರುದ್ಧ ಸಾಕ್ಷಿ ಹೇಳಿ ಕೋರ್ಟಿನಿಂದ ಬಂದ ಸೊಸೆಯನ್ನು ಮಾವ ಹೊಸ್ತಿಲಲ್ಲಿ ನಿಲ್ಲಿಸಿ ಆಡುವ ಮಾತು.

"ಇದಕ್ಕೆ ಇಷ್ಟೊಂದು ಯೋಚ್ನೆ ಯಾಕೆ ಅಂತ!" ಎಂದಳು ಶೈಲಾ. "ಅಪ್ಪಾಜಿಗೆ ಸನ್ಮಾನ ಮಾಡಿದವ್ರೆಲ್ಲ ಮೈಕಲ್ಲಿ ಇದನ್ನೇ ತಾನೇ ಹೇಳ್ತಿದ್ದಿದ್ದು? 'ಊರೆಲ್ಲ ಅಂತೈತಿ, ಮುದುಕ ಮಗನ್ನ ಕಳಕೊಂಡ ಅಂತ. ಊರಿಗೇನು ಗೊತ್ತು? ಇವತ್ತ ನನಗ ಮಗಳು ಹುಟ್ಯಾಳ!' ಟೈಪ್ ಮಾಡ್ಲಾ?"

ದ್ಯಾಮಪ್ಪನವರು ಅವಳ ಕೈ ಹಿಡಿದರು.

"ಅದು ನಂದಲ್ಲ. ಭರಮ್ಯಾಂದು."

ಶೈಲಾ ಗುರವ್ವನನ್ನು ನೋಡಿದಳು. ಗುರವ್ವ ಮಡಿಲಲ್ಲಿದ್ದ ತನ್ನ ಹಳದಿಗಟ್ಟಿದ ಸೊಸೆಯ ಪಾರ್ಟನ್ನು ನೋಡಿದಳು.

ಮೊದಲ ಪ್ರಯೋಗ. ಟೆಂಟು ತುಂಬ ಜನ. ಕವಿಗಳು ಬರೆದದ್ದು ಹದಿನಾಲ್ಕು ಸಾಲು, ತಣ್ಣಗಿನ ಮಾತು. ನಾಲ್ಕು ಸಾಲಾಗುವಷ್ಟರಲ್ಲಿ ಜನ ಮಿಸುಕಾಡಿದರು, ಹಿಂದಿನಿಂದ ಸೀಟಿ ಬಂತು. ಭರಮಪ್ಪ ಗಾಬರಿಯಾಗಿ ಉಳಿದದ್ದನ್ನೆಲ್ಲ ನುಂಗಿ, ಬಾಯಿಗೆ ಬಂದದ್ದನ್ನು ಎದೆ ಬಡಿದು ಕೂಗಿದ. ಟೆಂಟು ಎದ್ದು ನಿಂತಿತು. ಒನ್ಸ್ ಮೋರ್! ಮೂರು ಸಲ ಹೇಳಿಸಿದರು. ಪರದೆ ಬಿದ್ದ ಮೇಲೆ ಕವಿಗಳು ಸಿಟ್ಟಿನಿಂದ ಕೆಂಪಾಗಿ ಬಂದರು. ಅವರನ್ನು ತಡೆದವಳು ಗುರವ್ವನೇ. "ಇರ್ಲಿ ಬಿಡ್ರೀ, ಚಪ್ಪಾಳಿ ಬೀಳತಾವು." ಆ ಚಪ್ಪಾಳೆಯ ಬೆನ್ನಿಗೆ ಅವಳ ಹಾಡಿತ್ತು. ಆವೇಶ ಬಂದ ಜನ ಅವಳ ಹಾಡಿಗೂ ಒನ್ಸ್ ಮೋರ್ ಕೂಗಿದ್ದರು. ಅಷ್ಟೇ ಅವಳ ಆಸೆ.

"ನೀವು ಸ್ಟೇಜ್ ಮೇಲೆ ಯಾವತ್ತೂ ಹೇಳ್ಲೇ ಇಲ್ವಲ್ಲ ಅಪ್ಪಾಜಿ, ನಂದಲ್ಲ ಅಂತ."

"ಕೈ ಮುಗದೆ. ಪ್ರತಿ ಸಲ ಕೈ ಮುಗದೆ." ಅವರು ನೀರು ಗುಟುಕರಿಸಿ ಗುರವ್ವನ ಕಡೆ ತಿರುಗಿದರು. "ತಾಲೀಮಿನ್ಯಾಗ ಎರಡು ತಿಂಗಳು ನೀ ಎದುರಿಗೆ ನಿಂತು ಕೇಳೀದಿ. ನನಗ ಭರಮ್ಯಾಂದ ಬರ್ತೈತಿ, ನಂದು ಬರವಲ್ದು. ಹೇಳು ತಂಗಿ, ನಂದೇನಿತ್ತು?"

ಗುರವ್ವ ಕಣ್ಣು ಮುಚ್ಚಿದಳು. ಭರಮಪ್ಪನ ಮೀಸೆ ಕಂಡಿತು, ಪೆಟ್ರೋಮ್ಯಾಕ್ಸ್ ಕಂಡಿತು, ಮಾತು ಕೇಳಲಿಲ್ಲ. ನಟಿಯ ಕಿವಿ ಅದು. ಎದುರಿನವ ಆಡುವಾಗ ತನ್ನ ಮಾತನ್ನು ನಾಲಗೆಯ ಮೇಲೆ ಹೊರಳಿಸುತ್ತ, ಕಡೆಯ ಎರಡು ಪದಕ್ಕಷ್ಟೇ ಕಾಯುವ ಕಿವಿ. ಇಲ್ಲವೆನ್ನಲು ಬಾಯಿ ಬರದೆ ಸುಳ್ಳು ಹೆಣೆದಳು.

"'ಬಾರವ್ವ... ಈ ಮನಿ ಗ್ವಾಡಿಗೂ ಕಣ್ಣೀರು ಬರ್ತಾವು...' ಹಂಗೇನೋ ಇತ್ತರೀ."

ದ್ಯಾಮಪ್ಪನವರ ಮುಖ ಅರಳಿ, ಹಾಗೇ ಇಳಿಯಿತು.

"ನಾ ಇಷ್ಟು ಕೆಟ್ಟ ಬರೀತಿದ್ನೇನ ಗುರವ್ವ?"

ಮೂವರೂ ನಕ್ಕರು. ಗುರವ್ವನ ನಗು ಅರ್ಧಕ್ಕೆ ಅಳುವಾಯಿತು. "ನನಗ ಬರೂದಿಲ್ಲರೀ. ಕೇಳೇ ಇಲ್ಲರೀ ನಾ. ತಪ್ಪಾತು."

ದ್ಯಾಮಪ್ಪನವರು ಗೋಡೆಯ ಕಡೆ ತಿರುಗಿ ತುಟಿ ಆಡಿಸಿದರು. ಗಾಳಿ ಬಂತು, ಗೊರಗೊರ ಬಂತು. ಕೆಳಗೆ ಕ್ಲಿನಿಕ್ಕಿನಲ್ಲಿ ಯಾವುದೋ ಮಗು ಸೂಜಿಗೆ ಹೆದರಿ ಕಿರುಚುತ್ತಿತ್ತು. ಅದರ ಗಂಟಲು ಎಷ್ಟು ಗಟ್ಟಿ, ಎಂದುಕೊಂಡಳು ಗುರವ್ವ.

"ಅಪ್ಪಾಜಿ, ಸಾಕು. ರಕ್ತ ಬರುತ್ತೆ ಅಂದಿದಾರೆ ಡಾಕ್ಟ್ರು. ಏನು ಹಾಕ್ಲಿ ಹೇಳಿ."

"ಭರಮ್ಯಾಂದು ಹಾಕು. ಅವನ ಹೆಸರು ಹಾಕಿ ಹಾಕು."

"ನಿಮ್ದು?"

"ಹದಿನಾಕು ಸಾಲು ಎಣಿಸು. ಖಾಲಿ ಬಿಡು." ಅವರು ಬೆರಳೆತ್ತಿದರು. "ಕಡೀಕ ಎರಡು ಪದ ಐತಲ್ಲ, ಗುರವ್ವನ ಪಾರ್ಟಿನ್ಯಾಗ. ಅದು ನಂದು. ಅದನ್ನ ಹಾಕು."

"ಏನಿತ್ತದು? ಮರ್ತೋಯ್ತು," ಎಂದಳು ಶೈಲಾ.

ಗುರವ್ವ ಪಾರ್ಟು ಬಿಚ್ಚುವಷ್ಟರಲ್ಲಿ ದ್ಯಾಮಪ್ಪನವರೇ, ಇದ್ದಬದ್ದ ದನಿಯನ್ನೆಲ್ಲ ಕೂಡಿಸಿ ಹೇಳಿದರು. "ದೀಪ ಹಚ್ಚವ್ವ."

ಗುರವ್ವನ ಮಂಡಿಗಳು ಅವಳ ಅಪ್ಪಣೆ ಕೇಳಲಿಲ್ಲ. ಎದ್ದು ನಿಂತು, ಸೆರಗನ್ನು ತಲೆಯ ಮೇಲೆ ಎಳೆದುಕೊಂಡಳು.