ಖಾಲಿ ಕುರ್ಚಿಯ ನಂತರ

ಬದುಕು ಕ್ಷಣಿಕ ಎಂಬುದು ನಮ್ಮ ಕಿರುಚಿತ್ರದ ವಸ್ತು. ಉದುರುವ ಎಲೆ, ಆರುವ ದೀಪ, ಹೊಲಿಗೆಯಂತ್ರದ ಪಕ್ಕ ತೂಕಡಿಸುವ ಮುದುಕಿ, ಕೊನೆಗೆ ಅವಳ ಖಾಲಿ ಕುರ್ಚಿ. ಮುದುಕಿ ನನ್ನ ಸೋದರತ್ತೆ. ನಟಿಸಲು ಅವಳನ್ನು ಒಪ್ಪಿಸಿದವಳು ನಾನೇ. ಫಿಲ್ಮ್ ತುಂಡುಗಳನ್ನು ಅಂಟಿಸುವುದು ನನ್ನ ಕೆಲಸ.

ಕಚೇರಿಯ ಪುಟ್ಟ ಕೋಣೆಯಲ್ಲಿ ಚಿತ್ರ ಮುಗಿದು ದೀಪ ಹತ್ತಿದಾಗ ಅತ್ತೆ ಕೇಳಿದಳು: “ಕುರ್ಚಿ ಖಾಲಿ ಯಾಕೆ? ನಾನೆಲ್ಲಿ ಹೋದೆ?”

“ಎಲ್ಲರೂ ಒಂದಿನ ಹೋಗೋರೇ ಅಲ್ವೇನಮ್ಮಾ?” ನಿರ್ದೇಶಕರು ಮೆಲ್ಲಗೆ ಹೇಳಿದರು.

“ಹೋಗ್ತೀನಪ್ಪಾ, ಇಲ್ಲ ಅಂದೋರ್ಯಾರು? ಆದ್ರೆ ಅವತ್ತು ಹೋಗಿದ್ದು ಅಡುಗೆಮನೆಗೆ, ನಿಮಗೇ ಚಹಾ ಮಾಡೋಕೆ. ಕುಡಿದ ಲೋಟ ಆರೋ ಮುಂಚೆ ನನ್ನ ಕಥೆ ಮುಗಿಸಿಬಿಟ್ರಾ?”

ಛಾಯಾಗ್ರಾಹಕ ಕಿಸಕ್ಕನೆ ನಕ್ಕ. ಕೊನೆ ಬದಲಾದರೆ ಚಿತ್ರದ ಅರ್ಥವೇ ಕೆಡುತ್ತದೆ ಎಂದರು ನಿರ್ದೇಶಕರು.

“ನಾಳೆನೂ ಬರ್ತೀನಿ ಕಣೇ,” ಅತ್ತೆ ಚಪ್ಪಲಿ ಮೆಟ್ಟುತ್ತಾ ಅಂದಳು, “ಕಳೆದುಹೋದವಳು ಸಿಕ್ಕಳಾ ನೋಡೋಕೆ.”

ಬೇಡವಾದ ತುಂಡುಗಳು ನನ್ನ ಮೇಜಿನ ಪಕ್ಕ ಮೊಳೆಗಳಿಗೆ ನೇತಾಡುತ್ತಿದ್ದವು. ಒಂದೊಂದನ್ನೇ ಬೆಳಕಿಗೆ ಹಿಡಿದೆ. ಸಿಕ್ಕಳು: ಕೈಯಲ್ಲಿ ತಟ್ಟೆ, ತಟ್ಟೆಯಲ್ಲಿ ಲೋಟಗಳು, ಬಾಗಿಲಲ್ಲೇ ಯಾರಿಗೋ ಬೈಯುತ್ತಿದ್ದಾಳೆ. ನಿರ್ದೇಶಕರು ಎಷ್ಟೋ ಓದಿಕೊಂಡವರು. ನಾನು ಸಂಜೆ ತರಗತಿಯಲ್ಲಿ ನಾಲ್ಕಕ್ಷರ ಕಲಿತವಳು. ಅವರು ಹೇಳಿದ್ದೇ ಸರಿಯಿದ್ದರೆ? ಕೆಲಸ ಹೋದರೆ? ಫಿಲ್ಮಿನ ಅಂಚು ಕೆರೆದೆ, ಅಂಟು ಹಚ್ಚಿದೆ, ಖಾಲಿ ಕುರ್ಚಿಯ ತುಂಡಿನ ನಂತರ ಅವಳನ್ನು ಸೇರಿಸಿ ಒತ್ತಿ ಹಿಡಿದೆ. ಬಿಟ್ಟೀತೇನೋ ಎಂದು ಮತ್ತೆ ಮತ್ತೆ ಎಳೆದು ನೋಡಿದೆ. ಬಿಡಲಿಲ್ಲ.

ಮರುದಿನ ಅದನ್ನು ನೋಡುತ್ತಲೇ ನಿರ್ದೇಶಕರು ಎದ್ದು ನಿಂತರು. “ಯಾರು ಸೇರಿಸಿದ್ದು?”

“ನಾನೇ ಸರ್.”

“ತೆಗಿ.” ಕತ್ತರಿಯನ್ನು ನನ್ನ ಮುಂದೆ ತಳ್ಳಿದರು.

“ತೆಗೆಯಲ್ಲ ಸರ್. ಬೇಕಾದ್ರೆ ನನ್ನನ್ನೇ ಕೆಲಸದಿಂದ ತೆಗೀರಿ. ಚಹಾ ಮಾಡೋಕೆ ಎದ್ದವಳನ್ನ ನಾನು ಸಾಯಿಸಲ್ಲ.”

ಅವರು ನನ್ನನ್ನೇ ದಿಟ್ಟಿಸಿದರು. ಆಮೇಲೆ, “ಇನ್ನೊಂದ್ಸಲ ಹಾಕು,” ಎಂದು ಕೂತರು.

ಪರದೆಯ ಮೇಲೆ ಖಾಲಿ ಕುರ್ಚಿ ಬಂತು. ಅದರ ಬೆನ್ನಿಗೇ ಅತ್ತೆ ಬಂದಳು. ಆ ತುಂಡಿಗೆ ಧ್ವನಿಯಿರಲಿಲ್ಲ, ತುಟಿ ಮಾತ್ರ ಆಡುತ್ತಿತ್ತು. ಹಿಂದಿನ ಸಾಲಿನಲ್ಲಿ ಕೂತಿದ್ದ ಅತ್ತೆಯೇ ಅದಕ್ಕೆ ಮಾತು ಕೊಟ್ಟಳು:

“ಹೊಲಿದ ಬಟ್ಟೆ ಮೇಲಿಂದ ಕಾಲು ತೆಗಿಯೋ, ಕತ್ತೆ!”

ಕತ್ತಲಲ್ಲಿ ಛಾಯಾಗ್ರಾಹಕ ಗಕ್ಕನೆ ಕಾಲೆತ್ತಿದ. ನಿರ್ದೇಶಕರು ನಗು ನುಂಗಲು ಹೋಗಿ ಕೆಮ್ಮಿದರು. ಕತ್ತರಿಯನ್ನು ಯಾರೂ ಮುಟ್ಟಲಿಲ್ಲ.