ಏಟು ಬಿದ್ದ ಜಾಗ

ವಿನ್‌ಕೋಟ್ ಊರಿನ ಗಡಿ ಎಲ್ಲಿ ಮುಗಿಯುತ್ತದೆ ಎಂಬುದು ಪಾದ್ರಿಗಿಂತ, ಜಮೀನ್ದಾರರಿಗಿಂತ ಚೆನ್ನಾಗಿ ಏಬಲ್ ಟಾರ್ಬಟ್‌ನ ಕುಂಡೆಗೆ ಗೊತ್ತಿತ್ತು. ಇದು ತಮಾಷೆಯ ಮಾತಲ್ಲ. ಆ ಸೀಮೆಯಲ್ಲಿ ಪ್ರತಿ ವಸಂತಕ್ಕೂ ಊರವರು ಪಾದ್ರಿಯ ಹಿಂದೆ ಗಡಿ ಸುತ್ತುತ್ತಿದ್ದರು. ಒಂದೊಂದು ಗಡಿಕಲ್ಲಿನ ಹತ್ತಿರವೂ ಒಬ್ಬ ಹುಡುಗನನ್ನು ಹಿಡಿದು, ಕಲ್ಲಿನ ಮೇಲೆ ಬೋರಲು ಹಾಕಿ, ಹಸಿ ಕೋಲಿನಿಂದ ಬಾರಿಸುತ್ತಿದ್ದರು. ಆಮೇಲೆ ಕೈಗೊಂದು ಸಿಹಿ ಬನ್ನು ಕೊಡುತ್ತಿದ್ದರು. ಬನ್ನಿನ ರುಚಿ ಮರೆಯಬಹುದು, ಏಟು ಮರೆಯುವುದಿಲ್ಲ. ಮುಂದೆ ಯಾವತ್ತಾದರೂ ಗಡಿಯ ಜಗಳ ಬಂದರೆ ಆ ಹುಡುಗ ಮುದುಕನಾಗಿ ಬಂದು ಸಾಕ್ಷಿ ಹೇಳುತ್ತಾನೆ ಎಂಬುದು ಹಿರಿಯರ ಲೆಕ್ಕಾಚಾರ.

ಏಬಲ್‌ಗೆ ಏಟು ಬಿದ್ದದ್ದು ಕಾಗೆದಿಣ್ಣೆಯ ಆಚೆ, ಹೆಸಲ್ಬಿ ಊರಿಗೆ ತಾಗಿದ ಕಲ್ಲಿನ ಮೇಲೆ. ಹೊಡೆದವನು ಅವನ ಅಪ್ಪನೇ. "ನೆನಪಿರ್ಲಿ ಮಗನೇ, ನೆನಪಿರ್ಲಿ!" ಎನ್ನುತ್ತ ಉಳಿದವರು ಕೊಡುವುದಕ್ಕಿಂತ ನಾಲ್ಕು ಹೆಚ್ಚೇ ಕೊಟ್ಟಿದ್ದ. ಈಗ ಆ ಕಲ್ಲು ಮುಳ್ಳುಪೊದೆಯ ಕೆಳಗೆ ಮಣ್ಣಿನಲ್ಲಿ ಹೂತು ಹೋಗಿತ್ತು. ಅದು ಎಲ್ಲಿದೆ ಎಂದು ಬಲ್ಲವನು ಬದುಕಿರುವವರಲ್ಲಿ ಏಬಲ್ ಒಬ್ಬನೇ. ಈ ಹೆಮ್ಮೆಯಲ್ಲೇ ಅವನು ಮುದುಕನಾಗಿದ್ದ.

ಅವನ ಗುಡಿಸಲೂ ಕಾಗೆದಿಣ್ಣೆಯ ಮೇಲೇ ಇತ್ತು. ದಿಣ್ಣೆ ಎಂದರೆ ಗೋಮಾಳ. ಅಲ್ಲಿ ಅವನ ಹಸು ಚೆರ್ರಿ ಮೇಯುತ್ತಿತ್ತು, ಹೆಂಡತಿ ಡಾರ್ಕಸ್ ಒಲೆಗೆ ಪುಳ್ಳೆ ಆಯುತ್ತಿದ್ದಳು. ಹಾಲು ಮನೆಗೆ, ಬೆಣ್ಣೆ ಸಂತೆಗೆ, ಮಜ್ಜಿಗೆ ಹಂದಿಗೆ. ಶ್ರೀಮಂತಿಕೆ ಏನಲ್ಲ. ಆದರೆ ಹಸು ಇದ್ದವನಿಗೆ ಬಾಯಿ ಇರುತ್ತದೆ. ಜಮೀನ್ದಾರರ ಪಾರುಪತ್ಯಗಾರ ಕುದುರೆಯ ಮೇಲೆ ಬಂದು "ನಾಳೆ ಕೆಲಸಕ್ಕೆ ಬಾ" ಎಂದರೆ, ಮನಸ್ಸಿದ್ದರೆ ಹೋಗುತ್ತಿದ್ದ. ಇಲ್ಲದಿದ್ದರೆ, "ನಾಳೆ ಬರೋಲ್ಲ ಸ್ವಾಮಿ, ಹಸು ಕರು ಹಾಕೋ ಹಾಗಿದೆ" ಅನ್ನುತ್ತಿದ್ದ. ವರ್ಷದಲ್ಲಿ ಆ ಹಸು ಎಷ್ಟು ಸಲ ಕರು ಹಾಕುವ ಹಾಗಿತ್ತೋ ದೇವರೇ ಬಲ್ಲ.

ಫ್ರಾನ್ಸಿನ ಜೊತೆ ಯುದ್ಧ ನಡೆಯುತ್ತಿದ್ದ ಕಾಲ. ಉತ್ತರದ ಗಿರಣಿಗಳಿಗೆ ಉಣ್ಣೆ ಎಷ್ಟಿದ್ದರೂ ಸಾಲದು. ಗಿರಣಿಯ ಬಟ್ಟೆ ಹಡಗು ಹತ್ತಿ ಏಬಲ್ ಹೆಸರೂ ಕೇಳದ ದೇಶಗಳಿಗೆ ಹೋಗುತ್ತಿತ್ತು. ಅಲ್ಲೆಲ್ಲೋ ಯಾರೋ ಕೋಟು ತೊಡಬೇಕೆಂದರೆ ಇಲ್ಲಿ ಚೆರ್ರಿಯ ಹುಲ್ಲನ್ನು ಕುರಿ ತಿನ್ನಬೇಕು. ಹೀಗೆ ಶುರುವಾಗಿತ್ತು ಆಟ. ಜಮೀನ್ದಾರರು ಪಾರ್ಲಿಮೆಂಟಿನಿಂದ ಕಾಯಿದೆ ಮಾಡಿಸಿಕೊಂಡರು. ವಿನ್‌ಕೋಟಿನ ಗೋಮಾಳಕ್ಕೆಲ್ಲ ಬೇಲಿ ಎಂದು ಚರ್ಚಿನ ಬಾಗಿಲಿಗೆ ಕಾಗದ ಹೊಡೆದರು. ಓದಲು ಬರುವವರು ಓದಿ ಸುಮ್ಮನಾದರು, ಬಾರದವರು ಕೇಳಿ ಸುಮ್ಮನಾದರು.

ಕಾಯಿದೆ ವಿನ್‌ಕೋಟಿಗೆ ಮಾತ್ರ. ಪಕ್ಕದ ಹೆಸಲ್ಬಿಯ ಗೋಮಾಳವನ್ನು ಯಾರೂ ಮುಟ್ಟಿರಲಿಲ್ಲ. ಆ ಊರಿನ ಧಣಿ ಲಂಡನ್ನಿನಲ್ಲಿ ಇಸ್ಪೀಟು ಆಡುತ್ತ ಊರನ್ನೇ ಮರೆತಿದ್ದ. ಕಾಗೆದಿಣ್ಣೆಯ ಈಚೆ ಬದಿಗೊಂದು ಹಳ್ಳವಿತ್ತು. ಗಡಿ ಆ ಹಳ್ಳವೇ ಆಗಿದ್ದರೆ ದಿಣ್ಣೆ, ಗುಡಿಸಲು, ಹಸು ಎಲ್ಲ ಹೆಸಲ್ಬಿಯ ಪಾಲು, ಬೇಲಿಯ ಕಾಟವಿಲ್ಲ. ಗಡಿ ಆಚೆಯ ಹೂತ ಕಲ್ಲಾಗಿದ್ದರೆ ಎಲ್ಲ ಹೋಯಿತು.

ಡಾರ್ಕಸ್‌ಗೆ ಇದು ಥಟ್ಟನೆ ಹೊಳೆಯಿತು. ಕಾಯಿದೆಯ ಪ್ರಕಾರ ನೇಮಕವಾದ ಕಮಿಷನರ್ ಅಳತೆಗೆ ಬರುವ ದಿನ ಬೆಳಿಗ್ಗೆ ಗಂಡನ ಮುಂದೆ ಗಂಜಿಯ ಬಟ್ಟಲು ಕುಕ್ಕಿದಳು.

"ಕೇಳಿಸ್ಕೋ ಮುದುಕ. ಇವತ್ತು ನಿಂಗೆ ಏನೂ ನೆನಪಿಲ್ಲ."

"ನೆನಪಿದೆಯಲ್ಲೇ."

"ಇಲ್ಲ. ಅರಳುಮರಳು ನಿಂಗೆ. ಕಲ್ಲೂ ಇಲ್ಲ, ಏಟೂ ಇಲ್ಲ. ಬಾಯಿಗೆ ಬೀಗ ಹಾಕ್ಕೊಂಡು ನಿಂತ್ಕೊ, ಅಷ್ಟೇ ಸಾಕು."

"ಹೆಸಲ್ಬಿಯವನು ಅನ್ನಿಸ್ಕೊಂಡು ಸಾಯ್ಬೇಕಾ ನಾನು?"

"ಹಾಲು ಕುಡ್ಕೊಂಡು ಸಾಯಿ. ಯಾವ ಊರವನಾದ್ರೂ ಆಗು."

ಅವನು ಕೋಲೆ ಬಸವನ ಹಾಗೆ ತಲೆಯಾಡಿಸಿದ. ಸುಮ್ಮನಿರಬೇಕೆಂದೇ ಹೋದ, ಅದರಲ್ಲಿ ಮೋಸವಿಲ್ಲ.

ದಿಣ್ಣೆಯ ಮೇಲೆ ಕಮಿಷನರ್, ಅಳತೆಯ ಸರಪಳಿ ಹಿಡಿದ ಇಬ್ಬರು, ಪಾದ್ರಿ, ಪಾರುಪತ್ಯಗಾರ ಎಲ್ಲ ಸೇರಿದ್ದರು. ಹೆಸಲ್ಬಿಯ ಪರವಾಗಿ ಸೈಲಸ್ ಪೆಟ್ ಬಂದಿದ್ದ. ಇವನೂ ಏಬಲ್‌ನ ವಯಸ್ಸಿನವನೇ. ಎರಡು ಊರಿನ ಚೆಂಡಾಟದಲ್ಲಿ ಇಬ್ಬರೂ ಹರೆಯದಿಂದ ಮೂಗು ಒಡೆದುಕೊಂಡು ಬಂದವರು.

"ಗಡಿ ಈ ಹಳ್ಳ ಸ್ವಾಮಿ," ಅಂದ ಸೈಲಸ್. "ನಮ್ಮ ತಾತನ ಕಾಲದಿಂದ ದಿಣ್ಣೆ ನಮ್ದೇ."

ಕಮಿಷನರ್ ಏಬಲ್‌ನ ಕಡೆ ತಿರುಗಿದ. "ನೀನೇನಂತೀಯ?"

"ನೆನಪಿಲ್ಲ ಸ್ವಾಮಿ," ಅಂದ ಏಬಲ್. ಮುಳ್ಳುಪೊದೆಯ ಕಡೆ ಮಾತ್ರ ತಿರುಗಿ ನೋಡಲಿಲ್ಲ.

ಸೈಲಸ್ ಅಲ್ಲಿಗೇ ನಿಲ್ಲಿಸಿದ್ದರೆ! ಆದರೆ ಗೆದ್ದವನು ಸುಮ್ಮನೆ ಮನೆಗೆ ಹೋದದ್ದುಂಟೇ?

"ಅವ್ನಿಗೆಲ್ಲಿ ನೆನಪಿರುತ್ತೆ ಸ್ವಾಮಿ! ವಿನ್‌ಕೋಟಿನ ಹುಡುಗ್ರು ಕೋಲು ಕಂಡ್ರೇನೇ ಚಡ್ಡೀಲಿ ಉಚ್ಚೆ ಹೊಯ್ಕೊಂಡು ಓಡೋರು. ಏಟು ತಿನ್ನೋ ಗಂಡು ಆ ಊರಲ್ಲಿ ಹುಟ್ಟೇ ಇಲ್ಲ."

ಸರಪಳಿಯವರು ಕಿಸಕ್ಕನೆ ನಕ್ಕರು. ಪಾದ್ರಿಯೂ ತುಟಿ ಕಚ್ಚಿಕೊಂಡ. ಏಬಲ್‌ನ ಕಿವಿ ಕೆಂಪಾಯಿತು.

"ಯಾವನೋ ಅವ್ನು ಓಡಿದ್ದು? ನಾನು ಅತ್ತೂ ಇರ್ಲಿಲ್ಲ ಕಣೋ! ಅಲ್ಲಿ, ಆ ಪೊದೆ ಬುಡದಲ್ಲಿ ಅಗೀರಿ. ಕಲ್ಲಿನ ಮೇಲೆ ಶಿಲುಬೆ ಕೆತ್ತಿದೆ. ಅದರ ಮೇಲೇ ನಮ್ಮಪ್ಪ ನನ್ನ ಬೋರಲು ಹಾಕಿ ಬಾರಿಸಿದ್ದು!"

ಅಗೆದರು. ಕಲ್ಲು ಸಿಕ್ಕಿತು, ಶಿಲುಬೆಯೂ ಇತ್ತು. ಸೈಲಸ್ ಟೋಪಿ ಎಳೆದುಕೊಂಡು ಹೊರಟುಹೋದ. "ಬಹಳ ಉಪಕಾರವಾಯ್ತು ಟಾರ್ಬಟ್ ಅವರೇ. ನಿಮ್ಮಂಥ ಸಾಕ್ಷಿ ಸಿಗೋದು ಅಪರೂಪ," ಎಂದು ಕಮಿಷನರ್ ಏಬಲ್‌ನ ಕೈ ಕುಲುಕಿದ. ಹುಟ್ಟಿದಾಗಿನಿಂದ ಅವನನ್ನು ಯಾರೂ 'ಅವರೇ' ಎಂದಿರಲಿಲ್ಲ. ದಿಣ್ಣೆ ಹತ್ತುವವರೆಗೂ ಆ ಮಾತು ಅವನ ಎದೆಯಲ್ಲಿ ಬೆಚ್ಚಗೆ ಇತ್ತು. ಗುಡಿಸಲ ಬಾಗಿಲಲ್ಲಿ ಡಾರ್ಕಸ್ ನಿಂತಿರುವುದು ಕಂಡಾಗ ಅವನ ಹೆಜ್ಜೆ ನಿಧಾನವಾಯಿತು. ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು.

ಅವನ ಮುಖ ನೋಡಿದ್ದೇ ಅವಳು ಒಳಗೆ ಹೋಗಿ ಹಾಲಿನ ಪಾತ್ರೆ ತೊಳೆಯತೊಡಗಿದಳು. ಬೈದಿದ್ದರೆ ಎಷ್ಟೋ ಚೆನ್ನಾಗಿತ್ತು.

ಹಕ್ಕಿದ್ದವರು ಬಂದು ಹೇಳಿಕೊಳ್ಳಿ ಎಂದು ಹೆಂಡದಂಗಡಿಯ ಮಹಡಿಯಲ್ಲಿ ಸಭೆ ಕರೆದಿದ್ದರು. ಏಬಲ್ ಚರ್ಚಿಗೆ ಹೋಗುವ ಅಂಗಿ ತೊಟ್ಟು ಹೋದ. ಕಮಿಷನರ್ ತಲೆ ಎತ್ತಲಿಲ್ಲ.

"ದಿಣ್ಣೆ ಮೇಲೆ ಹಸು ಮೇಯಿಸೋ ಹಕ್ಕು ನನ್ನದು ಸ್ವಾಮಿ. ನಮ್ಮಪ್ಪ ಮೇಯಿಸ್ದ, ಅವರಪ್ಪ ಮೇಯಿಸ್ದ."

"ಪತ್ರ ಎಲ್ಲಿ?"

"ಪತ್ರ ಇಲ್ಲ. ಊರಿಗೆಲ್ಲ ಗೊತ್ತು."

"ಊರಿಗೆ ಗೊತ್ತಿದ್ರೆ ನಡೆಯೋಲ್ಲಪ್ಪ. ಪತ್ರ ಬೇಕು. ಗುಡಿಸಲೂ ನಿನ್ನದಲ್ಲ, ಗೋಮಾಳದ ಮೇಲೆ ಸುಮ್ನೆ ಎಬ್ಬಿಸ್ಕೊಂಡಿದ್ದೀಯ."

ಏಬಲ್ ಮೇಜಿನ ಅಂಚು ಹಿಡಿದುಕೊಂಡ. "ಸ್ವಾಮಿ, ಮೊನ್ನೆ ಗಡಿ ಕೇಳಿದಾಗ ನಾನೇನು ಪತ್ರ ತೋರಿಸಿದ್ನಾ? ನನ್ನ ಕುಂಡೆ ಮೇಲಿನ ಏಟು ನಂಬಿದ್ರಿ. ಜಮೀನ್ದಾರ್ರಿಗೆ ಬೇಕಾದಾಗ ನನ್ನ ನೆನಪು ಸಾಕ್ಷಿ. ನನ್ನ ಹಸುಗೆ ಬೇಕಾದಾಗ ಯಾಕೆ ಅಲ್ಲ?"

ಕಮಿಷನರ್ ಕನ್ನಡಕ ತೆಗೆದು ಒರೆಸಿಕೊಂಡ. ಕೆಟ್ಟ ಮನುಷ್ಯನಲ್ಲ ಅವನು, ಅದೇ ಇನ್ನೂ ಸಿಟ್ಟು ಬರಿಸುವ ಸಂಗತಿ. "ಗಡಿ ಬೇರೆ, ಹಕ್ಕು ಬೇರೆ," ಅಂದ ಮೆತ್ತಗೆ. "ಮುಂದಿನವರು ಬನ್ನಿ."

ಇದಕ್ಕೆ ಯಾರ ಕೊರಳಪಟ್ಟಿ ಹಿಡಿಯುವುದು? ಕಮಿಷನರ್ ಕಾಯಿದೆಯ ಕಡೆ ಬೆರಳು ತೋರಿಸುತ್ತಾನೆ, ಕಾಯಿದೆ ಪಾರ್ಲಿಮೆಂಟಿನ ಕಡೆ, ಪಾರ್ಲಿಮೆಂಟು ಉಣ್ಣೆಯ ಬೆಲೆಯ ಕಡೆ. ಉಣ್ಣೆಯ ಬೆಲೆಗೆ ಕೊರಳಪಟ್ಟಿಯೇ ಇಲ್ಲ. ಏಬಲ್ ಮೆಟ್ಟಿಲಿಳಿದು ಬಂದು ಹೆಂಡದಂಗಡಿಯ ಗೋಡೆಗೆ ಗುದ್ದಿದ. ಗೋಡೆಗೆ ಏನೂ ಆಗಲಿಲ್ಲ.

ಮೇವಿಲ್ಲದ ಹಸುವನ್ನು ಇಟ್ಟುಕೊಂಡು ಮಾಡುವುದೇನು? ಚೆರ್ರಿಯನ್ನು ಸಂತೆಗೆ ಹೊಡೆದುಕೊಂಡು ಹೋದವಳು ಡಾರ್ಕಸ್. ಏಬಲ್ ಕದ ಹಾಕಿಕೊಂಡು ಒಳಗೆ ಕೂತಿದ್ದ. ಗುಡಿಸಲೂ ಹೋಯಿತು. ಜಮೀನ್ದಾರರ ಸಾಲುಮನೆಯಲ್ಲಿ ಒಂದು ಕೋಣೆ ಸಿಕ್ಕಿತು, ಅವರ ಕೆಲಸ ಮಾಡುವಷ್ಟು ಕಾಲ ಇರಬಹುದೆಂದು.

ಮೊದಲ ಕೆಲಸ ಬೇಲಿಯದೇ. ಹಾಥಾರ್ನ್ ಮುಳ್ಳಿನ ಸಸಿಗಳನ್ನು ಗಡಿಯ ಉದ್ದಕ್ಕೂ ನೆಡಬೇಕು. ಬಗ್ಗಿ ಬಗ್ಗಿ ನೆಡುತ್ತ ಏಬಲ್ ಆ ಕಲ್ಲಿನ ಹತ್ತಿರ ಬಂದ. ಬೇಲಿಯಾಚೆ ಹೆಸಲ್ಬಿಯ ಗೋಮಾಳದಲ್ಲಿ ಸೈಲಸ್‌ನ ಹಸು ಮೇಯುತ್ತಿತ್ತು. ಅದೇ ವಸಂತದಲ್ಲಿ ಪಾದ್ರಿ, "ಇನ್ನು ಗಡಿ ಸುತ್ತೋದು ಬೇಕಿಲ್ಲ, ನಕ್ಷೆ ಬಂದಾಯ್ತಲ್ಲ," ಎಂದು ಘೋಷಿಸಿದ್ದ. ಇನ್ನು ಮುಂದೆ ಯಾವ ಹುಡುಗನಿಗೂ ಏಟಿಲ್ಲ, ಬನ್ನೂ ಇಲ್ಲ.

ಮಧ್ಯಾಹ್ನ ಡಾರ್ಕಸ್ ಬುತ್ತಿ ತಂದಳು. ಒಣ ಬ್ರೆಡ್ಡು, ಈರುಳ್ಳಿ, ಬರೀ ಬಣ್ಣದ ನೀರಿನಂಥ ಟೀ. ಸಭೆಯ ದಿನದಿಂದ ಅವಳು ಗಂಡನ ಜೊತೆ ಅಗತ್ಯವಿದ್ದಷ್ಟು ಮಾತ್ರ ಮಾತಾಡುತ್ತಿದ್ದಳು. ಈಗ ಕಲ್ಲನ್ನು ನೋಡುತ್ತ ನಿಂತಳು.

"ಇದೇನಾ?"

"ಇದೇ."

"ಅವತ್ತು ನಿಮ್ಮಪ್ಪ ನಾಲ್ಕು ಏಟು ಕಮ್ಮಿ ಹೊಡೆದಿದ್ರೆ, ಈ ಟೀಗೆ ಹಾಲಿರ್ತಿತ್ತು."

ಅವಳು ಸಿಟ್ಟಿನಲ್ಲಿ ಹೇಳಲಿಲ್ಲ. ಕಲ್ಲಿನ ಮೇಲೆ ಕೂತು ತನ್ನ ಪಾಲಿನ ಬ್ರೆಡ್ಡು ಮುರಿದು ಅವನಿಗೆ ಕೊಟ್ಟಳು.

ಅಷ್ಟರಲ್ಲಿ ಪಾರುಪತ್ಯಗಾರ ಕುದುರೆಯ ಮೇಲೆ ಬಂದ. ನೆಟ್ಟ ಸಾಲನ್ನು ಉದ್ದಕ್ಕೆ ನೋಡಿ, "ಏಯ್ ಟಾರ್ಬಟ್, ನಾಳೆ ಬೆಳಕು ಹರಿಯೋಕೆ ಮುಂಚೆ ಬಾ," ಅಂದ.

ಏಬಲ್ ಸೊಂಟ ಹಿಡಿದುಕೊಂಡು ಮೇಲೆದ್ದ. ಅಂಗೈ ತುಂಬ ಮುಳ್ಳು ಗೀರಿತ್ತು, ಬೆನ್ನು ನೋಯುತ್ತಿತ್ತು, ನಾಳೆ ಹಾಸಿಗೆ ಬಿಟ್ಟು ಏಳುವ ಮನಸ್ಸು ಇರಲಿಲ್ಲ. "ನಾಳೆ ಬರೋಲ್ಲ ಸ್ವಾಮಿ, ಹಸು..." ಎಂದು ಹಳೆಯ ಅಭ್ಯಾಸದಿಂದ ಬಾಯಿ ತೆರೆದ. ಡಾರ್ಕಸ್ ಅವನ ಮುಖವನ್ನೇ ನೋಡುತ್ತಿದ್ದಳು.

"ಹಸು?" ಅಂದ ಪಾರುಪತ್ಯಗಾರ.

"ಏನಿಲ್ಲ," ಅಂದ ಏಬಲ್. "ಬರ್ತೀನಿ ಸ್ವಾಮಿ."